ಅತ್ತೆಯ ಖೋಲಿಗೆ ಸಪ್ಪಳ ಬಂದದ್ದು

ರೊಟ್ಟಿ ಬಡಿಯುವಾಗ ನಾನು ಕಣ್ಣಿಗಿಂತ ಕಿವಿಯನ್ನು ಹೆಚ್ಚು ನಂಬುತ್ತೇನೆ. ಹಿಟ್ಟು ಹದವಾಗಿದ್ದರೆ ಅಂಗೈಯ ಸಪ್ಪಳ ಒಂದು ತರಹ, ನೀರು ಹೆಚ್ಚಾಗಿದ್ದರೆ ಇನ್ನೊಂದು ತರಹ. ಅಂಚು ಬಿರಿಯುವ ಮುಂಚೆಯಂತೂ ಅದು ತಾನಾಗಿಯೇ ಹೇಳಿಬಿಡುತ್ತದೆ. ಅದಕ್ಕೇ ನಮ್ಮ ಮನೆಯಲ್ಲಿ ಅಡುಗೆಮನೆ ಎಂದು ಕಟ್ಟಿಸಿದ ಜಾಗ ಬೇರೆ ಇದ್ದರೂ ಒಲೆ ಮಾತ್ರ ಒಂಬತ್ತು ವರ್ಷದಿಂದ ಪಡಸಾಲೆಯಲ್ಲೇ ಇತ್ತು. ಪಡಸಾಲೆ ನಮ್ಮದಾಗಿತ್ತು, ಅಲ್ಲಿ ಸಪ್ಪಳ ಬರುತ್ತಿತ್ತು. ಅಡುಗೆಮನೆಯ ಹಿಂದಿನ ಅರ್ಧ ಇನ್ನೂ ಮನೆಸಾಲದ ಕಚೇರಿಯದು. ಅಲ್ಲಿ ಕೂತು ರೊಟ್ಟಿ ಬಡಿದರೆ ಹಿಂಜಿದ ಹತ್ತಿಯ ಮೇಲೆ ಕೈಯಾಡಿಸಿದಂತೆ, ಏನೂ ಕೇಳುವುದಿಲ್ಲ. ಖಾನಾವಳಿಗೆ ದಿನಾ ನೂರು ರೊಟ್ಟಿ ಕೊಡುವವಳು ನಾನು, ಕಿವಿ ಕಟ್ಟಿಕೊಂಡು ಹೊಟ್ಟೆ ಹೊರೆಯುವುದು ನನ್ನಿಂದಾಗದು.

ನಮ್ಮೂರಲ್ಲಿ ಸಾಲದ ಮನೆ ಎಂದರೆ ಹೀಗೆಯೇ. ತೀರಿದಷ್ಟು ಜಾಗಕ್ಕೆ ಸಪ್ಪಳ ಇರುತ್ತದೆ, ತೀರದ ಜಾಗಕ್ಕೆ ಇರುವುದಿಲ್ಲ. ಹೊಸ್ತಿಲಿನಿಂದ ಶುರುವಾಗಿ ಅದು ಒಳಗೊಳಗೆ ಹೋಗುತ್ತದೆ. ಪ್ರತಿವರ್ಷ ಶೀಗಿ ಹುಣ್ಣಿಮೆಯ ಮರುದಿನ ಎಲ್ಲ ಮನೆಗಳಲ್ಲೂ ಗೆರೆ ಹಾಕುತ್ತಾರೆ. ಮನೆಯ ಯಜಮಾನ ಹಿತ್ತಾಳೆಯ ಗಂಗಾಳವನ್ನು ಚಮಚದಿಂದ ಬಡಿಯುತ್ತ ಹೊಸ್ತಿಲಿನಿಂದ ಒಳಕ್ಕೆ ನಡೆಯುತ್ತಾನೆ, ಹಿಂದೆ ಮನೆಯವರೆಲ್ಲ. ಗಂಗಾಳ ಎಲ್ಲಿ ಮೂಕಾಗುತ್ತದೋ ಅಲ್ಲಿ ನೆಲದ ಮೇಲೆ ಕೆಮ್ಮಣ್ಣಿನ ಗೆರೆ ಎಳೆದು, ಅದಕ್ಕೆ ಅರಿಷಿಣ ಕುಂಕುಮ ಏರಿಸಿ, ಓಣಿಗೆಲ್ಲ ಸಕ್ಕರೆ ಹಂಚುತ್ತಾರೆ. ಸಕ್ಕರೆ ತಿನ್ನಲು ಬಂದವರ ಕಣ್ಣೆಲ್ಲ ಗೆರೆಯ ಮೇಲೆ. ಈ ವರ್ಷ ಚೆನ್ನಾಗಿ ಬಂದಿದೆ ಎಂದು ಹೇಳಿ ಹೋಗುವವರು ಹೊರಗೆ ನಿಂತು ಏನು ಮಾತಾಡುತ್ತಾರೆಂದು ನನಗೆ ಗೊತ್ತು, ನಾನೂ ಬೇರೆಯವರ ಮನೆಯ ಸಕ್ಕರೆ ತಿಂದು ಬಂದವಳೇ.

ಜನ ಇದಕ್ಕೆ ಒಗ್ಗಿಹೋಗಿದ್ದಾರೆ. ಖೋಲಿಯಿಂದ ಖೋಲಿಗೆ ದಾರ ಕಟ್ಟಿರುತ್ತಾರೆ, ಒಂದು ಸಲ ಎಳೆದರೆ ಬಾ ಎಂದು, ಎರಡು ಸಲ ಎಳೆದರೆ ನೀರು ತಾ ಎಂದು. ಕುಕ್ಕರನ್ನು ಗೆರೆಯ ಈಚೆಗೇ ಇಡುತ್ತಾರೆ, ಇಲ್ಲದಿದ್ದರೆ ಸೀಟಿ ಹೊಡೆದದ್ದು ತಿಳಿಯುವುದಿಲ್ಲ. ಹೊಸದಾಗಿ ಸಾಲ ಮಾಡಿದವರ ಮನೆಯಲ್ಲಿ ಹೊಸ್ತಿಲು ಬಿಟ್ಟರೆ ಮಾತಿಗೆ ಜಾಗವೇ ಇರುವುದಿಲ್ಲ. ಗಂಡಹೆಂಡಿರು ಅಲ್ಲೇ ನಿಂತು ಜಗಳಾಡಬೇಕು, ಓಣಿಗೆ ಬಿಟ್ಟಿ ನಾಟಕ. ಹೆಣ್ಣು ಕೊಡುವವರು ಹುಡುಗನ ಸಂಬಳ ಕೇಳುವ ಮೊದಲು ಮನೆಯಲ್ಲಿ ಸಪ್ಪಳ ಎಲ್ಲಿಯ ತನಕ ಬಂದಿದೆ ಎಂದು ಕೇಳುತ್ತಾರೆ. ಹೊಸ ಜೋಡಿಗೆ ಮಾತ್ರ ಸಾಲದ ಖೋಲಿಯೇ ಚಂದ ಎಂದು ಪಕ್ಕದ ಮನೆಯ ಸಕ್ಕೂಬಾಯಿ ಕಣ್ಣು ಮಿಟುಕಿಸುತ್ತಾಳೆ.

ಸಿಟ್ಟು ಬಂದ ಗಂಡಸರು ಗೆರೆ ದಾಟಿ ನಿಂತು ಮನಸ್ಸಿಗೆ ಬಂದದ್ದನ್ನು ಬೈದುಕೊಂಡು, ತಣ್ಣಗಾಗಿ ಈಚೆ ಬರುವುದು ನಮ್ಮ ಕಡೆ ವಾಡಿಕೆ. ನಮ್ಮ ಮನೆಯವರಿಗೂ ಈ ಚಟ ಇತ್ತು. ಅವರ ಹೆಸರು ಅಡಿವೆಪ್ಪ. ಬಾಯಿಬಿಟ್ಟು ಹೇಳುವುದಿಲ್ಲ, ಬರೆಯುವುದಕ್ಕೆ ಅಡ್ಡಿಯಿಲ್ಲ. ಏನಾದರೂ ಮಾತು ಬಂದರೆ ಸಾಕು, ಅಡುಗೆಮನೆಯ ಹಿಂದಿನ ಮೂಲೆಗೆ ಹೋಗಿ ಗೋಡೆಗೆ ಮುಖ ಮಾಡಿ ನಿಲ್ಲುತ್ತಿದ್ದರು. ಹಿಂದಿನಿಂದ ದವಡೆ ಅಲ್ಲಾಡುವುದು ಕಾಣುತ್ತಿತ್ತು. ನನ್ನ ತವರುಮನೆಯ ಮಾನ ಹರಾಜಾಗುತ್ತಿದೆ ಎಂದುಕೊಂಡು ನಾನು ನನ್ನ ಕೆಲಸ ನೋಡಿಕೊಳ್ಳುತ್ತಿದ್ದೆ.

ಈ ಮನೆಗೆ ಮೊದಲ ದುಡ್ಡು ಹಾಕಿದವರು ನಮ್ಮ ಅತ್ತೆ, ತಂಗೆವ್ವ. ಹಳೇ ಪೇಟೆಯಲ್ಲಿ ಅವರದೊಂದು ಎರಡು ಅಂಕಣದ ಮನೆ ಇತ್ತು. ಸಾಲ ಗೀಲ ಏನೂ ಇಲ್ಲದ್ದು, ಮೂಲೆಮೂಲೆಗೂ ಸಪ್ಪಳ. ಅದನ್ನು ಮಾರಿ ಕೊಟ್ಟರು, ಅದರಿಂದಲೇ ಪಡಸಾಲೆ ಮೊದಲ ದಿನವೇ ನಮ್ಮದಾಯಿತು. ಉಳಿದದ್ದಕ್ಕೆ ಸಾಲ. ಅಡುಗೆಮನೆ ದಾಟಿದ ಮೇಲೆ ಅವರಿಗೆಂದೇ ಒಂದು ಖೋಲಿ ಹಾಕಿಸಿದೆವು, ಪೂರ್ವಕ್ಕೆ ಕಿಟಕಿ, ಗೋಡೆಯಲ್ಲಿ ಗೂಡು, ಒಳಗಿನಿಂದ ಅಗಳಿ. ಎರಡು ಮೂರು ವರ್ಷದಲ್ಲಿ ಸಪ್ಪಳ ಅಲ್ಲಿಗೂ ಬರುತ್ತದೆ ಎಂದು ಎಲ್ಲರೂ ಅಂದುಕೊಂಡಿದ್ದೆವು. ಅಷ್ಟರೊಳಗೆ ಅತ್ತೆಯ ಕಣ್ಣು ಹೋಯಿತು. ಕಾಚಬಿಂದು ಎಂದರು ಡಾಕ್ಟರು, ತಡವಾಗಿ ಬಂದಿರಿ ಎಂದರು.

ಕಣ್ಣಿಲ್ಲದವರಿಗೆ ಸಪ್ಪಳವೂ ಇಲ್ಲವೆಂದರೆ ಏನು ಉಳಿಯುತ್ತದೆ ಎಂದು ನಾವು ಯೋಚಿಸಿರಲಿಲ್ಲ. ಒಂದು ಮಧ್ಯಾಹ್ನ ಅವರು ಹಟ ಮಾಡಿ ಖೋಲಿಗೆ ಹೋಗಿ ಬಾಗಿಲು ಹಾಕಿಕೊಂಡರು. ಸ್ವಲ್ಪ ಹೊತ್ತಿಗೆ ಗೋಡೆ ಹಿಡಿದುಕೊಂಡು ಹೊರಗೆ ಬಂದರು, ಮೈಯೆಲ್ಲ ಬೆವರು. ಪಡಸಾಲೆಗೆ ಬಂದ ಮೇಲೆ ನನ್ನ ಕೈ ಹಿಡಿದು, "ಅಲ್ಲಿ ನಾ ಅದೀನೋ ಇಲ್ಲೋ ಅನ್ನೂದ ಗೊತ್ತಾಗೂದಿಲ್ಲವಾ ಕಸ್ತೂರಿ," ಎಂದರು. ಆಮೇಲೆ ಆ ಕಡೆ ಹೆಜ್ಜೆ ಹಾಕಲಿಲ್ಲ.

ಹೀಗಾಗಿ ಅವರ ಮಂಚ ಪಡಸಾಲೆಯಲ್ಲಿ, ಒಲೆಗೂ ಮುಂಬಾಗಿಲಿಗೂ ನಡುವೆ. ಬೆಳಗಿನಿಂದ ಹೊಗೆ. ಖಾನಾವಳಿಯವರು ರೊಟ್ಟಿಗೆ ಬಂದರೂ, ಸಕ್ಕೂಬಾಯಿ ಹೆಪ್ಪಿಗೆ ಬಂದರೂ ಮೊದಲು ಕಾಣುವುದು ಅವರ ಹಾಸಿಗೆ. ಸೀರೆ ಬದಲಿಸಬೇಕೆಂದರೆ ನಾನು ಕಂಬಳಿ ಅಡ್ಡ ಹಿಡಿದು ನಿಲ್ಲಬೇಕು. ತಲೆ ಬಾಚಿಕೊಳ್ಳಲೂ ಬಾಗಿಲು ಹಾಕಿಕೊಳ್ಳುತ್ತಿದ್ದ ಹೆಂಗಸು ಅವರು. ಒಂದು ದಿನವೂ ದೂರಲಿಲ್ಲ. ವರ್ಷಕ್ಕೊಮ್ಮೆ ಗಂಗಾಳ ಮೂಕಾದ ಮೇಲೆ ಮಾತ್ರ, ಗೆರೆ ತಮ್ಮ ಬಾಗಿಲಿಗೆ ಬಂತೇನು ಎಂದು ಕೇಳುತ್ತಿದ್ದರು. ಮುಂದಿನ ವರ್ಷ ಬರುತ್ತದೆ ಎಂದು ನಾನು ಹೇಳುತ್ತಿದ್ದೆ. ಸುಳ್ಳು ಹೇಳುತ್ತಿರಲಿಲ್ಲ, ನಿಜವಾಗಿಯೂ ನಂಬಿದ್ದೆ.

ಈ ವರ್ಷ ಗೆರೆ ಸರಿದದ್ದು ನಾಲ್ಕು ಬೆರಳಿನಷ್ಟು. ನಮ್ಮ ಮನೆಯವರು ಗಂಗಾಳವನ್ನು ಇನ್ನೊಮ್ಮೆ ಬಡಿದು ನೋಡಿದರು, ಇನ್ನೂ ಜೋರಾಗಿ ಬಡಿದರು. ಗೆರೆ ಬಾಗಿಲಿಗೆ ಬಂತೇನು ಎಂದು ಅತ್ತೆ ಕೇಳಿದರು. ನಾನು ಅವರ ಅಂಗೈಗೆ ಸಕ್ಕರೆ ಹಾಕಿದೆ. ಅವರು ಹೂಂ ಎಂದು ತಾವೇ ಉತ್ತರ ಹೇಳಿಕೊಂಡು ಸಕ್ಕರೆ ಬಾಯಿಗೆ ಹಾಕಿಕೊಂಡರು. ಮಾರನೆಯ ದಿನ ಅಡುಗೆಮನೆಯ ಪರಶಿ ಕಲ್ಲಿನ ನೆಲ ಒರೆಸುತ್ತಿದ್ದಾಗ ಹಳೆಯ ವರ್ಷಗಳ ಗೆರೆಗಳು ಮಸುಕಾಗಿ ಕಂಡವು. ಮೊದಮೊದಲಿನವು ಒಂದಕ್ಕೊಂದು ತಾಗಿಕೊಂಡೇ ಇದ್ದವು. ಸೆರಗಿನಿಂದ ಒಂದು ದಾರ ಎಳೆದು ಈ ವರ್ಷ ಗೆರೆ ಸರಿದಷ್ಟನ್ನು ಅಳೆದೆ. ಅದೇ ಅಳತೆಯನ್ನು ಒಂದರ ಮುಂದೊಂದು ಇಡುತ್ತ ಅತ್ತೆಯ ಬಾಗಿಲ ಕಡೆ ಮೊಣಕಾಲ ಮೇಲೆ ಹೊರಟೆ. ಎಷ್ಟು ಇಟ್ಟರೂ ಬಾಗಿಲು ಬರಲಿಲ್ಲ. ಅತ್ತೆಗೆ ಎಪ್ಪತ್ತು ದಾಟಿ ನಾಲ್ಕು ವರ್ಷವಾಗಿತ್ತು. ಅರ್ಧ ದಾರಿಯಲ್ಲಿ ದಾರ ಕೈಬಿಟ್ಟು ಅಲ್ಲೇ ಕೂತುಬಿಟ್ಟೆ.

ಅವತ್ತಿನಿಂದ ನನಗೆ ಊಟ ರುಚಿಸಲಿಲ್ಲ. ಆದರೆ ಮನೆಯವರ ಚಿಂತೆಯೇ ಬೇರೆ ಇತ್ತು. ಅವರು ಚುರುಮುರಿ ಭಟ್ಟಿಯಲ್ಲಿ ಹುರಿಯುವ ಕೆಲಸದಲ್ಲಿದ್ದರು. ಮಾಲೀಕ ಯಂತ್ರ ತರಿಸಿದ್ದ. ವಾರಕ್ಕೆ ಆರು ದಿನದ ಕೆಲಸ ಮೂರು ದಿನಕ್ಕೆ ಇಳಿದಿತ್ತು. ನಮ್ಮೂರಲ್ಲಿ ಮೂರು ಕಂತು ಸಾಲಾಗಿ ತಪ್ಪಿದರೆ ಕಚೇರಿಯವರು ಹಾಡಹಗಲೇ ಬರುತ್ತಾರೆ, ಒದ್ದೆ ಬಟ್ಟೆಯಿಂದ ಗೆರೆಗಳನ್ನೆಲ್ಲ ಒರೆಸುತ್ತಾರೆ, ಸಪ್ಪಳ ಹೊಸ್ತಿಲಿನ ಆಚೆಗೆ ಹೋಗಿಬಿಡುತ್ತದೆ. ಕೊಟ್ಟದ್ದೆಲ್ಲ ನೀರಲ್ಲಿ ಹೋಮ. ಓಣಿಯ ಕೊನೆಯ ಸಿಂಪಿಗರ ಮನೆಗೆ ಹಾಗಾಯಿತು. ಆ ಮನೆಯ ಹೆಂಗಸು ಬಾಗಿಲ ಒಳಗೆ ನಿಂತು ಅಳುವುದನ್ನು ನಾವೆಲ್ಲ ನೋಡಿದೆವು, ಯಾರಿಗೂ ಕೇಳಲಿಲ್ಲ.

ಈ ಅಂಜಿಕೆಗೇ ಊರಿನವರು ಕೈಯಲ್ಲಿ ನಾಲ್ಕು ಕಾಸು ಹೆಚ್ಚಿಗೆ ಬಂತೆಂದರೆ ಓಡಿಹೋಗಿ ಮುಂಗಂತು ಕಟ್ಟುತ್ತಾರೆ, ಎಂದರೆ ಬರುವ ತಿಂಗಳುಗಳ ಕಂತನ್ನು ಈಗಲೇ ಕೊಟ್ಟಿಡುವುದು. ಅವರು ಐದು ಕಂತು ಮುಂದಿದ್ದಾರೆ, ಇವರು ಎಂಟು ಕಂತು ಮುಂದಿದ್ದಾರೆ ಎನ್ನುವುದು ಇಲ್ಲಿ ದೊಡ್ಡ ಮರ್ಯಾದೆ. ಒಂದು ಕಾಲಕ್ಕೆ ನಾವೂ ಆರು ಕಂತು ಮುಂದಿದ್ದೆವು. ಮನೆಯವರು ಆಗ ಓಣಿಯಲ್ಲಿ ಎದೆಯೆತ್ತಿ ನಡೆಯುತ್ತಿದ್ದರು. ಭಟ್ಟಿಯ ಕೆಲಸ ಇಳಿದ ಮೇಲೆ ಅದೆಲ್ಲ ಕರಗಿ ಒಂದೇ ಕಂತು ಉಳಿದಿತ್ತು.

ಆ ಹೊತ್ತಿಗೇ ಕಚೇರಿಯಿಂದ ಹಗುರ ಕಂತಿನ ಕಾಗದ ಬಂತು. ಸಹಿ ಹಾಕಿದರೆ ತಿಂಗಳ ಕಂತು ಸ್ವಲ್ಪ ಇಳಿಯುತ್ತದೆ, ಕಟ್ಟುವ ವರ್ಷಗಳು ಹೆಚ್ಚುತ್ತವೆ. ಮನೆಯವರ ಮುಖದಲ್ಲಿ ಎಷ್ಟೋ ದಿನದ ಮೇಲೆ ಕಳೆ ಬಂತು. ಗೆರೆಯ ಗತಿ ಏನು ಎಂದು ನಾನು ಕೇಳಿದೆ. ಗೆರೆ ಎಲ್ಲಿಗೆ ಓಡಿಹೋಗುತ್ತದೆ, ಇದ್ದಲ್ಲೇ ಇರುತ್ತದೆ ಎಂದರು. ನನಗೆ ಭಯವಾದದ್ದು ಆ ಮಾತಿಗೇ. ಅತ್ತೆ ಮಂಚದ ಮೇಲೆ ಬೆಳ್ಳುಳ್ಳಿ ಸುಲಿಯುತ್ತಿದ್ದವರು ಕೈ ನಿಲ್ಲಿಸಿದರು, ಮತ್ತೆ ಸುಲಿಯತೊಡಗಿದರು.

ವಾರ ಕಳೆಯುವುದರೊಳಗೆ ನನ್ನ ಚೀಟಿ ಎದ್ದಿತು. ರೊಟ್ಟಿಯ ದುಡ್ಡಿನಲ್ಲಿ ನಾಲ್ಕು ವರ್ಷದಿಂದ ಕಟ್ಟುತ್ತ ಬಂದ ಚೀಟಿ. ಮನೆಯವರು ಖುಷಿಯಿಂದ ಎರಡು ಸಲ ಎಣಿಸಿದರು. ಪೂರಾ ಮುಂಗಂತಿಗೆ ಹಾಕಿ ಬಾ, ಒಂದು ವರ್ಷ ಕಣ್ಣುತುಂಬ ನಿದ್ದೆ ಮಾಡುತ್ತೇನೆ ಎಂದರು. ಅವರಿಗೆ ಅಂದು ಭಟ್ಟಿ ಇತ್ತು, ನಾನೇ ಸೆರಗಿನಲ್ಲಿ ಗಂಟು ಕಟ್ಟಿಕೊಂಡು ಕಚೇರಿಗೆ ಹೋದೆ.

ಅಲ್ಲಿಯ ಗುಮಾಸ್ತ ಹುಣಶೀಕಟ್ಟಿಯವರು ದುಡ್ಡು ನೋಡಿದ ಕೂಡಲೇ, ನಾನು ಬಾಯಿ ಬಿಡುವ ಮೊದಲೇ ಮುಂಗಂತಿನ ಪಾವತಿ ಬರೆಯತೊಡಗಿದರು. ಎಲ್ಲರೂ ಅದಕ್ಕೇ ಬರುವುದು. ನಾನು ತಡೆದು, ಸಾಹೇಬರೇ, ಒಂಬತ್ತು ವರ್ಷ ಒಂದೂ ಕಂತು ತಪ್ಪಿಸಿಲ್ಲ, ನಮ್ಮ ಗೆರೆ ಯಾಕೆ ಸರಿಯುವುದಿಲ್ಲ ಎಂದು ಕೇಳಿದೆ. ಅವರು ಪೆನ್ನು ಕೆಳಗಿಟ್ಟರು. ಕಂತು ಬಂದ ಕೂಡಲೇ ಮೊದಲು ಬಡ್ಡಿ ಉಣ್ಣುತ್ತದೆ, ತಾಟಿನಲ್ಲಿ ಉಳಿದದ್ದಷ್ಟೇ ಅಸಲಿಗೆ ಹೋಗುತ್ತದೆ, ಅಸಲು ತೀರಿದಷ್ಟೇ ಸಪ್ಪಳ ಎಂದರು. ನಮ್ಮ ಕಂತಿನಲ್ಲಿ ಈಗ ರೂಪಾಯಿಗೆ ಹದಿಮೂರು ಆಣೆ ಬಡ್ಡಿಗೇ ಹೋಗುತ್ತಿತ್ತಂತೆ. ಮೊದಲ ವರ್ಷ ಹದಿನೈದು ಆಣೆ ಹೋಗಿತ್ತಂತೆ. ಹಾಗಾದರೆ ಸಾಲ ಪೂರಾ ತೀರುವ ಹೊತ್ತಿಗೆ ನಾವು ಕೊಟ್ಟದ್ದು ಒಟ್ಟು ಎಷ್ಟಾಗುತ್ತದೆ ಎಂದು ಕೇಳಿದೆ.

"ಹೆಚ್ಚು ಕಡಿಮಿ ಮೂರು ಮನಿ ಆಕ್ಕೈತ್ರಿ ಅಕ್ಕಾರ," ಎಂದರು. "ಒಂದು ನಿಮಗ, ಎರಡು ನಮಗ."

ಸೊಪ್ಪಿನ ಬೆಲೆ ಹೇಳುವಷ್ಟು ಸಲೀಸಾಗಿ ಹೇಳಿದರು. ಅವರಿಗೆ ಅದರಲ್ಲಿ ಮುಚ್ಚಿಡುವುದೇನೂ ಇರಲಿಲ್ಲ. ಬಂದವರೆಲ್ಲ ತಿಂಗಳಿಗೆ ಎಷ್ಟು ಎಂದು ಕೇಳುತ್ತಾರೆ, ಒಟ್ಟು ಎಷ್ಟು ಎಂದು ಇಷ್ಟು ವರ್ಷದಲ್ಲಿ ಯಾರೂ ಕೇಳಲಿಲ್ಲ ಎಂದರು. ನಾವೂ ಕೇಳಿರಲಿಲ್ಲ. ಬೀಸುವ ಕಲ್ಲು ಕೊಳ್ಳುವಾಗ ನಾಲ್ಕು ಅಂಗಡಿ ತಿರುಗಿದ್ದೆ ನಾನು. ಮನೆ ಕೊಳ್ಳುವಾಗ ತಿಂಗಳಿಗೆ ಇಷ್ಟೇ ತಾನೇ, ಹೇಗೋ ಹೊಂದಿಸಿದರಾಯಿತು ಎಂದು ಎಲ್ಲರೂ ಸೇರಿ ಪೇಡೆ ತಿಂದಿದ್ದೆವು.

ಮುಂಗಂತು ಕಟ್ಟಿದರೆ ಏನಾಗುತ್ತದೆ ಎಂದು ಕೇಳಿದೆ. ಏನೂ ಆಗುವುದಿಲ್ಲ, ಪೆಟ್ಟಿಗೆಯಲ್ಲಿ ಕೂತಿರುತ್ತದೆ, ತಿಂಗಳಿಗೊಂದರಂತೆ ತೆಗೆಯುತ್ತೇವೆ, ಬಡ್ಡಿ ತನ್ನ ಪಾಲು ಉಣ್ಣುತ್ತದೆ ಎಂದರು. ಗಂಟು ಬಿಚ್ಚಿ ಮೇಜಿನ ಮೇಲೆ ಇಟ್ಟು, ಇದನ್ನೆಲ್ಲ ನೇರ ಅಸಲಿಗೇ ಹಾಕಿದರೆ ಎಂದೆ. ಹುಣಶೀಕಟ್ಟಿಯವರು ನನ್ನನ್ನು ಸರಿಯಾಗಿ ನೋಡಿದ್ದು ಆಗಲೇ.

"ಹಾಕಬಹುದು. ಯಾರೂ ಹಾಕಸೂದಿಲ್ಲ," ಎಂದರು. "ಅಸಲಿಗೆ ಹೋದದ್ದು ಕಂತಿನ ಲೆಕ್ಕಕ್ಕ ಬರೂದಿಲ್ಲ ನೋಡ್ರಿ. ನಾಳೆ ಮೂರು ಕಂತು ತಪ್ಪಿದ್ರ, ನಿಮ್ಮ ಮನಿಗೆ ಒದ್ದಿ ಅರಬಿ ಹಿಡಕೊಂಡು ನಾನ ಬರಬೇಕಾಕ್ಕೈತಿ."

ನಾನು ದುಡ್ಡು ಎತ್ತಿಕೊಂಡು ಹೊರಗೆ ಬಂದು ಮೆಟ್ಟಿಲ ಮೇಲೆ ಕೂತೆ. ಸಿಂಪಿಗರ ಹೆಂಗಸಿನ ತೆರೆದ ಬಾಯಿ ಕಣ್ಣ ಮುಂದೆ ಬಂತು. ನಿದ್ದೆ ಮಾಡುತ್ತೇನೆ ಎಂದ ಗಂಡನ ಮುಖ ಬಂತು. ಪೆಟ್ಟಿಗೆಯಲ್ಲಿಟ್ಟರೆ ಒಂದು ವರ್ಷ ಯಾರೂ ನಮ್ಮ ಬಾಗಿಲಿಗೆ ಬರುವುದಿಲ್ಲ, ಆದರೆ ಒಂದು ವರ್ಷದ ಮೇಲೆ ಗೆರೆ ಮತ್ತೆ ನಾಲ್ಕು ಬೆರಳು, ಅತ್ತೆ ಮತ್ತೆ ಕೇಳುತ್ತಾರೆ. ಎಷ್ಟು ಹೊತ್ತು ಕೂತಿದ್ದೆನೋ, ಕಾವಲಿನವನು ಬಂದು ಊಟದ ಹೊತ್ತಾಯಿತು, ಬಾಗಿಲು ಹಾಕುತ್ತೇವೆ ಎಂದ. ಎದ್ದು ಒಳಗೆ ಹೋಗಿ ಅಸಲಿಗೆ ಹಾಕಿರಿ ಎಂದೆ. ಧ್ವನಿ ನನ್ನದೇ ಎಂದು ನನಗೇ ಅನಿಸಲಿಲ್ಲ.

ದಾರಿಯುದ್ದಕ್ಕೂ ತಿರುಗಿ ಓಡಿಹೋಗಿ ವಾಪಸು ಕೇಳಲೇ ಎನಿಸುತ್ತಿತ್ತು. ಓಣಿಯ ಬಾಯಲ್ಲಿ ಸಕ್ಕೂಬಾಯಿ ಸಿಕ್ಕಿ ಎಷ್ಟು ಕಂತು ಮುಂದೆ ಹೋದಿರಿ ಎಂದು ನಗುತ್ತ ಕೇಳಿದಳು. ತಲೆನೋವು ಎಂದು ಹೇಳಿ ದಾಟಿಕೊಂಡೆ. ಮನೆಯಲ್ಲಿ ಅತ್ತೆ ಮಂಚದ ಮೇಲೆ ಕೂತಿದ್ದರು. ಅವರಿಗೆ ಏನೂ ಹೇಳದೆ ಗಂಗಾಳ ತೆಗೆದುಕೊಂಡು ಒಳಗೆ ನಡೆದೆ.

ಅಡುಗೆಮನೆಯಲ್ಲಿ ಮೊನ್ನೆಯ ಗೆರೆ ದಾಟಿದೆ, ಗಂಗಾಳ ಠಣ್ ಎಂದಿತು. ಹಿಂದಿನ ಮೂಲೆಗೆ ಹೋದೆ, ಠಣ್ ಎಂದಿತು. ಒಂಬತ್ತು ವರ್ಷ ಮೂಕವಾಗಿದ್ದ ಗೋಡೆಗೆ ತಾಗಿ ಸಪ್ಪಳ ತಿರುಗಿ ನನ್ನ ಮುಖಕ್ಕೇ ಬಂದಾಗ ಮೈ ಜುಮ್ಮೆಂದಿತು. ಅತ್ತೆಯ ಖೋಲಿಯ ಹೊಸ್ತಿಲು ದಾಟಿದೆ. ಅಲ್ಲಿಯೂ ಬಂತು. ಇನ್ನೊಂದು ಪರಶಿ, ಅಲ್ಲಿಯೂ ಬಂತು. ಖೋಲಿಯ ನಡುಮಧ್ಯಕ್ಕೆ ಬಂದಾಗ ಕೈಯಲ್ಲಿದ್ದದ್ದು ಗಕ್ಕನೆ ಮೂಕಾಯಿತು. ಒಂದು ಹೆಜ್ಜೆ ಹಿಂದೆ ಬಂದು ಮತ್ತೆ 'ಠಣ್' ಎನಿಸಿದೆ.

"ಯಾರ ಅದು, ಅಲ್ಲಿ ಬಡಿಯೂದು?" ಪಡಸಾಲೆಯಿಂದ ಅತ್ತೆ ಕೂಗಿದರು.

"ನಾನ್ರಿ."

"ಎಲ್ಲಿ ಅದೀ?"

"ನಿಮ್ಮ ಖೋಲ್ಯಾಗ ಅದೀನ್ರಿ ಅತ್ತಿ."

ಅವರು ಬರುವುದು ನನಗೆ ಕೇಳಿಸಿತು. ಬರಿಗಾಲು, ಗೋಡೆಯನ್ನು ಸವರುವ ಅಂಗೈ, ಬಳೆ. ಬಾಗಿಲಲ್ಲಿ ನಿಂತು ಒಮ್ಮೆ ಕೆಮ್ಮಿದರು. ಕೆಮ್ಮಿ, ತಲೆ ವಾರೆ ಮಾಡಿ ಆಲಿಸಿದರು. ನನ್ನನ್ನು ಹೊರಗೆ ಹೋಗೆಂದು ಸನ್ನೆ ಮಾಡಿ ಬಾಗಿಲು ಹಾಕಿಕೊಂಡರು. ಒಳಗೆ ಕಿಟಕಿಯ ಸರಳನ್ನು ಬಡಿದರು, ಗೂಡನ್ನು ಬಡಿದರು, ಕದವನ್ನು ಬಡಿದರು. ಒಂದೊಂದನ್ನೂ ಬಡಿದು, ಇದು ಕಿಟಕಿ, ಇದು ಗೂಡು ಎಂದು ತಮಗೆ ತಾವೇ ಹೇಳಿಕೊಂಡರು. ನಾನು ಅಡುಗೆಮನೆಯಲ್ಲಿ ನಿಂತು ಬಿಕ್ಕಿ ಬಿಕ್ಕಿ ಅತ್ತುಬಿಟ್ಟೆ, ಸಂತೋಷಕ್ಕೋ ಹೆದರಿಕೆಗೋ ನನಗೇ ತಿಳಿಯಲಿಲ್ಲ.

ಆಮೇಲೆ ಇಬ್ಬರೂ ಸೇರಿ ಮಂಚ ಎಳೆದು ತಂದೆವು. ಬಾಗಿಲ ಕಡೆ ಗೋಡೆಗೆ ಗೂಡು ಇದ್ದದ್ದರಿಂದ ಮಂಚ ಅಡ್ಡ ಹಿಡಿಯಲಿಲ್ಲ, ಉದ್ದಕ್ಕೇ ಹಾಕಬೇಕಾಯಿತು. ಹಾಕಿದಾಗ ತಲೆದಿಂಬು ಸಪ್ಪಳದಲ್ಲಿ, ಕಾಲದೆಸೆ ಕಚೇರಿಯ ಜಾಗದಲ್ಲಿ. ಅತ್ತೆ ಮಲಗಿ ನೋಡಿ, ಹಿಮ್ಮಡಿಯಿಂದ ಮಂಚದ ಹಲಗೆಯನ್ನು ಕುಟ್ಟಿದರು. ಕೇಳಲಿಲ್ಲ. ತಲೆಯ ಹತ್ತಿರ ಬೆರಳಿಂದ ಕುಟ್ಟಿದರು, ಕೇಳಿಸಿತು. ಕೈ ಎದೆಯ ಮೇಲಿಟ್ಟುಕೊಂಡರು.

ಸಂಜೆ ದೀಪ ಹಚ್ಚುವ ಹೊತ್ತಿಗೆ ಮನೆಯವರು ಬಂದರು. ಪಡಸಾಲೆಯಲ್ಲಿ ಮಂಚ ಇಲ್ಲದ್ದನ್ನು ಗಮನಿಸುವ ಮೊದಲೇ ಎಷ್ಟು ಕಂತು ಆಯಿತು ಎಂದು ಕೇಳಿದರು. ಒಂದೂ ಆಗಲಿಲ್ಲ, ಎಲ್ಲಾ ಅಸಲಿಗೆ ಹಾಕಿದೆ ಎಂದೆ. ಅವರು ಬುತ್ತಿಯ ಡಬ್ಬಿಯನ್ನು ಮೆಲ್ಲಗೆ ಕೆಳಗಿಟ್ಟರು. ಬೈಯಲಿಲ್ಲ, ಕೈ ಎತ್ತುವ ಮನುಷ್ಯರಂತೂ ಅವರಲ್ಲವೇ ಅಲ್ಲ. ಎಂದಿನಂತೆ ಅಡುಗೆಮನೆಯ ಹಿಂದಿನ ಮೂಲೆಗೆ ಹೋಗಿ ಗೋಡೆಗೆ ಮುಖ ಮಾಡಿ ನಿಂತರು. ಅಲ್ಲಿಗೆ ಸಪ್ಪಳ ಬಂದಿದೆ ಎಂದು ಹೇಳಬೇಕೆಂದು ನಾನು ಹಿಂದೆಯೇ ಹೋದೆ, ಅಷ್ಟರಲ್ಲಿ ಅವರು ಶುರುಮಾಡಿಯೇ ಬಿಟ್ಟಿದ್ದರು.

"ನನ್ನ ಕೈಲೆ ಆಗವಲ್ದು," ಎನ್ನುತ್ತಿದ್ದರು. "ನನ್ನ ಕೈಲೆ ಆಗವಲ್ದು. ಯವ್ವಾ, ನನ್ನ ಕೈಲೆ ಆಗವಲ್ದು."

ಮಗ್ಗಿ ಒಪ್ಪಿಸುವವರಂತೆ ಅದೇ ಮಾತು, ಏರಿಳಿತವಿಲ್ಲದೆ. ಮೂರ್ನಾಲ್ಕು ಸಲ ಆದ ಮೇಲೆ ಅವರ ಕಿವಿಗೇ ಅದು ಬಿತ್ತು. ಬೆನ್ನು ಸೆಟೆದುಕೊಂಡಿತು. ತಿರುಗಿ ನನ್ನನ್ನು ನೋಡಿದರು, ಬೀದಿಯಲ್ಲಿ ಧೋತರ ಬಿಚ್ಚಿಹೋದವರ ಮುಖ. ಒಂಬತ್ತು ವರ್ಷ ಈ ಮೂಲೆಯಲ್ಲಿ ನನ್ನನ್ನು ಬೈಯುತ್ತಾರೆ ಎಂದುಕೊಂಡಿದ್ದೆ. ಬೈದಿದ್ದರೆ ಎಷ್ಟೋ ಚೆನ್ನಾಗಿತ್ತು. ನಾನು ಮಾಡಿದ್ದು ತಪ್ಪೋ ಸರಿಯೋ ಎಂಬುದು ಆ ಕ್ಷಣಕ್ಕೆ ಪೂರಾ ಕಲಸಿಹೋಯಿತು, ಅವರ ಒಂದು ವರ್ಷದ ನಿದ್ದೆಯನ್ನು ನಾನು ಪರಶಿ ಕಲ್ಲಿಗೆ ಸುರಿದು ಬಂದಿದ್ದೆ.

ಅವರ ತೋಳು ಹಿಡಿದು ಒಲೆಯ ಹತ್ತಿರ ಕೂರಿಸಿದೆ. ಕಚೇರಿಯಲ್ಲಿ ಕೇಳಿದ್ದನ್ನೆಲ್ಲ ಹೇಳಿದೆ, ಹದಿಮೂರಾಣೆಯ ಮಾತು, ಮೂರು ಮನೆಯ ಮಾತು. ಹಗುರ ಕಂತಿಗೆ ಸಹಿ ಹಾಕಿದರೆ ಮೂರು ಹೋಗಿ ನಾಲ್ಕು ಮನೆ ಆಗುತ್ತದೆ ಎಂದೆ. ದಿನಕ್ಕೆ ಇನ್ನೂ ಐವತ್ತು ರೊಟ್ಟಿ ತೆಗೆದುಕೊಳ್ಳಿ ಎಂದು ಖಾನಾವಳಿಯವರನ್ನು ಕೇಳುತ್ತೇನೆ ಎಂದೆ, ಅವರು ಒಪ್ಪುತ್ತಾರೋ ಇಲ್ಲವೋ ನನಗೆ ಗೊತ್ತಿರಲಿಲ್ಲ. ಮನೆಯವರು ಕಿಸೆಯಿಂದ ಹಗುರ ಕಂತಿನ ಕಾಗದ ತೆಗೆದು ಬಹಳ ಹೊತ್ತು ನೋಡಿದರು. ಹರಿಯಲಿಲ್ಲ, ಸಹಿಯನ್ನೂ ಹಾಕಲಿಲ್ಲ. ಒಲೆ ಹಚ್ಚುವ ಚಿಪ್ಪಾಡಿ ಕಟ್ಟಿಗೆಯ ಪಕ್ಕ ಮಡಿಸಿ ಇಟ್ಟರು.

ಒಳಗಿನಿಂದ ಅತ್ತೆ ಮಗನ ಹೆಸರು ಹಿಡಿದು ಕರೆದರು. ಆ ಖೋಲಿಯಿಂದ ಕರೆ ಬಂದದ್ದಕ್ಕೆ ಮನೆಯವರು ಬೆಚ್ಚಿಬಿದ್ದರು. ಇಬ್ಬರೂ ಹೋದೆವು. ಅತ್ತೆ ಮಂಚದ ಮೇಲೆ ಅಂಗಾತ ಮಲಗಿದ್ದರು. ಮಗ ಮೂಲೆಯಲ್ಲಿ ಅಂದದ್ದು ಅವರಿಗೂ ಕೇಳಿತ್ತು, ಮುಖ ನೋಡಿದರೆ ತಿಳಿಯುತ್ತಿತ್ತು. ಕೈಚಾಚಿ ಮಗನ ತಲೆ ಹುಡುಕಿ ಅದರ ಮೇಲೆ ಕೈಯಿಟ್ಟರು. ಆದರೆ ಮಾತಾಡಿಸಿದ್ದು ನನ್ನನ್ನು.

"ಕಸ್ತೂರಿ, ನೀ ಲೆಕ್ಕ ಕೇಳಿ ಬಂದೀ. ಗೆರಿ ನನ್ನ ಕಾಲತನಕ ಯಾವಾಗ ಬರತೈತಿ?"

ಮುಂದಿನ ವರ್ಷ ಎನ್ನುವುದು ನಾಲಿಗೆಯ ತುದಿಗೆ ಬಂದಿತ್ತು, ಅಭ್ಯಾಸ. ಆದರೆ ಈಗ ನನಗೆ ಲೆಕ್ಕ ಬರುತ್ತಿತ್ತು. ಮೂರು ದಿನದ ಭಟ್ಟಿ, ನೂರು ರೊಟ್ಟಿ, ಬಡ್ಡಿಯ ಊಟ, ಆಮೇಲೆ ಅತ್ತೆಯ ವಯಸ್ಸು. ಕಂಬಳಿ ಅಡ್ಡ ಹಿಡಿದು ಇವರ ಮಾನ ಕಾಯ್ದವಳು ನಾನು, ಇನ್ನು ಸುಳ್ಳನ್ನು ಇವರಿಗೇ ಅಡ್ಡ ಹಿಡಿಯುವುದು ಬೇಡ ಅನಿಸಿತು.

"ಬರತೈತ್ರಿ ಅತ್ತಿ," ಎಂದೆ. "ಆದ್ರ ಅಷ್ಟೊತ್ತಿಗೆ ನೀವು ಇರೂದಿಲ್ಲ."

ಮನೆಯವರು ನನ್ನ ಕೈ ಹಿಡಿದು ಜಗ್ಗಿದರು. ಅತ್ತೆ ಮಾತ್ರ ಅಲುಗಾಡಲಿಲ್ಲ. ಅವರ ಉಸಿರು ಒಳಗೆ ಹೋಗುವುದು, ಹೊರಗೆ ಬರುವುದು ಸ್ಪಷ್ಟವಾಗಿ ಕೇಳುತ್ತಿತ್ತು.

"ಇದನ್ನ ಒಂಬತ್ತು ವರ್ಷದ ಹಿಂದ ಯಾರರ ಹೇಳಿದ್ರ, ನಾ ನನ್ನ ಮನಿ ಮಾರತಿದ್ದಿಲ್ಲ," ಎಂದರು. ಸಿಟ್ಟಿನಿಂದಲ್ಲ, ಎಲ್ಲೋ ಇಟ್ಟು ಮರೆತದ್ದು ಈಗ ನೆನಪಾಯಿತು ಎನ್ನುವಂತೆ. ಅವರು ಸೀರೆಯ ನಿರಿಗೆಯನ್ನು ಪಾದದ ತನಕ ಎಳೆದು ಸರಿಮಾಡಿಕೊಂಡರು.

"ಹಂಗಾರ ಕಾಲು ಕಚೇರಿಯವರ ಇಟಗೊಳ್ಳಲಿ," ಎಂದರು. "ತಲಿಯಷ್ಟರ ನಮ್ಮದಾತಲ್ಲ. ಇನ್ನ ಇಬ್ರೂ ಹೊರಗ ನಡೀರಿ, ಬಾಗಲಾ ಮುಂದ ಮಾಡಿ ಹೋಗ್ರಿ."